ಖಾನಾವಳಿ ಅಕ್ಕನ ಎಸರು ಇನ್ನೂ ಒಲೆ ಮೇಲೇ ಇದೆ

ಪ್ರೀತಿಯ ಗೆಳೆಯಾ,

ನಿನ್ನ ಕಾದಂಬರಿ ನಿನ್ನೆ ಓದಿ ಮುಗಿಸಿದೆ. ಕೊನೆಯ ಮೂವತ್ತು ಪುಟ ಹುಬ್ಬಳ್ಳಿಯಿಂದ ಧಾರವಾಡಕ್ಕೆ ಬರುವಾಗ ಚಿಗರಿ ಬಸ್ಸಿನಲ್ಲಿ ಓದಿದ್ದು, ನನ್ನ ಸ್ಟಾಪು ದಾಟಿದ್ದೂ ಗೊತ್ತಾಗಲಿಲ್ಲ. ಅಪ್ಪ-ಮಗನ ಹೊಲದ ಜಗಳ ಬಹಳ ಚಲೋ ಬಂದಿದೆ, ಅದರ ಬಗ್ಗೆ ಎದುರಿಗೆ ಸಿಕ್ಕಾಗ ಮಾತಾಡೋಣ. ಈ ಪತ್ರ ಆ ಕಾದಂಬರಿಯ ಖಾನಾವಳಿ ಅಕ್ಕನ ಸಲುವಾಗಿ.

61ನೇ ಪುಟದಲ್ಲಿ ಅವಳು ಒಲೆ ಮೇಲೆ ಎಸರಿಟ್ಟಿದ್ದಾಳೆ. ಜೋಳದ ಹಿಟ್ಟು ಪರಾತದಲ್ಲಿದೆ. ಅಷ್ಟರಲ್ಲಿ ತಮ್ಮನ ಫೋನು ಬರುತ್ತದೆ: ಅಡವಿಟ್ಟ ಬೋರಮಾಳ ಸರ ಬಿಡಿಸೋದಕ್ಕೆ ಇನ್ನು ಎಂಟೇ ದಿನ. 114ರಲ್ಲಿ ಮತ್ತೆ ಬರುತ್ತಾಳೆ, ಎಂಟು ದಿನ. 203ರಲ್ಲೂ ಎಂಟೇ ದಿನ! ಅಷ್ಟರೊಳಗೆ ನಿನ್ನ ಕಥೆಯ ಹುಡುಗ ಡಿಗ್ರಿ ಮುಗಿಸಿ, ಬೆಂಗಳೂರಿಗೆ ಹೋಗಿ, ಮದುವೆಯಾಗಿ ಊರಿಗೆ ವಾಪಸ್ ಬಂದಿದ್ದಾನೆ. ಅವಳ ಎಸರು ಮಾತ್ರ ಇನ್ನೂ ಕುದಿಯುತ್ತಲೇ ಇದೆ.

ಇದಕ್ಕೆ ನಾನು ಹೆಸರಿಟ್ಟಿದ್ದೇನೆ, ನಿಂತನೀರ ಜಡ್ಡು. ಮನುಷ್ಯರಿಗೆ ಬರೋದಿಲ್ಲ, ಕಥೆಗೆ ಬರುತ್ತದೆ, ಅದೂ ನಾವು ಲಕ್ಷ್ಯ ಕೊಡದ ಉಪಕಥೆಗೆ. ಉಣಕಲ್ ಕೆರೆಗೆ ಅಂತರಗಂಗೆ ಕಳೆ ಹಬ್ಬಿದ್ದಾಗ ದಂಡೆ ಮೇಲೆ ನಿಂತು ನೋಡಿದ್ದೆವು, ನೆನಪಿದೆ ಅಲ್ವಾ? ಮೇಲೆ ಹಸಿರು, ಕೆಳಗೆ ನೀರಿಗೆ ಬೆಳಕಿಲ್ಲ, ಗಾಳಿಯಿಲ್ಲ. ಅಕ್ಕ ಬಂದಾಗಲೆಲ್ಲ ನೀನು ಅವಳ ಇಳಕಲ್ ಸೀರೆ, ಅವಳ ನಗು, ಬಡಿಯುವ ರೊಟ್ಟಿಯ ಸಪ್ಪಳ ಇನ್ನೂ ಚೆಂದ ಬರೆದಿದ್ದೀಯ, ಬರೆದಷ್ಟೂ ಅವಳು ಅಲ್ಲೇ ನಿಂತಿದ್ದಾಳೆ. ಜಡ್ಡು ಅವಳೊಬ್ಬಳಲ್ಲೇ ಉಳಿಯೋದೂ ಇಲ್ಲ. ಕೊನೆಗೆ ಹುಡುಗ ಅವಳ ಕಾಲಿಗೆ ಬಿದ್ದು "ನಿನ್ನ ಅನ್ನದ ಋಣ ಅಕ್ಕಾ" ಅಂತ ಅಳುತ್ತಾನಲ್ಲ, ನನಗೆ ಕಣ್ಣು ಒದ್ದೆಯಾಗಬೇಕಿತ್ತು, ಆಗಲಿಲ್ಲ. ಅವಳ ಬೋರಮಾಳ ಏನಾಯಿತು ಅಂತ ಒಂದು ಸಲವೂ ಕೇಳದವನ ಅಳು ನಾನು ಹೇಗೆ ನಂಬಲಿ?

ಬಹಳ ಪುಟ ಕಾಣದಿದ್ದರೆ ಈ ಜಡ್ಡು ಬರುತ್ತದೆ ಅಂತ ಮೊದಲು ತಿಳಿದಿದ್ದೆ. ಹೋದ ತಿಂಗಳು ಗದಗಿನ ವೀರನಾರಾಯಣ ಗುಡಿಯಲ್ಲಿ, ಕುಮಾರವ್ಯಾಸ ಕುಳಿತು ಬರೆದ ಎನ್ನುವ ಕಂಬದ ಹತ್ತಿರ ಸುಮ್ನೆ ಕೂತಿದ್ದಾಗ ಅಂಬೆ ನೆನಪಾದಳು. ಭೀಷ್ಮ ಎತ್ತಿ ತಂದ, ಸಾಲ್ವ ಒಲ್ಲೆ ಅಂದ, ಭೀಷ್ಮನೂ ಒಲ್ಲೆ ಅಂದ. ಆಮೇಲೆ ಪಾಂಡವರು ಕೌರವರು ಹುಟ್ಟಿ, ಬೆಳೆದು, ಜೂಜಾಡಿ, 12 ವರ್ಷದ ವನವಾಸ, 1 ವರ್ಷದ ಅಜ್ಞಾತವಾಸ ಎಲ್ಲ ಮುಗಿಯುತ್ತದೆ. ಅಷ್ಟು ದಿನ ಅಂಬೆ ಸುಮ್ಮನೆ ಕೂತಿದ್ದಳಾ? ತಪಸ್ಸು ಮಾಡಿದಳು, ಬೆಂಕಿಗೆ ಬಿದ್ದಳು, ದ್ರುಪದನ ಮನೆಯಲ್ಲಿ ಶಿಖಂಡಿಯಾಗಿ ಹುಟ್ಟಿದಳು. ಯುದ್ಧದ 10ನೇ ದಿನ ಭೀಷ್ಮನ ಎದುರು ಬಂದು ನಿಂತಾಗ ಎಲ್ಲಿಂದ ಬಂದಳು ಅಂತ ಯಾರೂ ಕೇಳುವುದಿಲ್ಲ. ಪುಟದಲ್ಲಿ ಕಾಣದಿದ್ದರೂ ಅವಳ ಕಥೆ ನಡೆದೇ ಇತ್ತು.

ಕುಮಾರವ್ಯಾಸ 10 ಪರ್ವಕ್ಕೆ ನಿಲ್ಲಿಸಿದ. ಹಾಗಾಗಿ ಅರ್ಜುನ ಮತ್ತು ಚಿತ್ರಾಂಗದೆಯ ಮಗ ಬಭ್ರುವಾಹನನ ಕಾಳಗ ಅವನಲ್ಲಿ ಬರೋದಿಲ್ಲ, ಅದನ್ನು ಜೈಮಿನಿ ಭಾರತದಲ್ಲಿ ಲಕ್ಷ್ಮೀಶ ಹೇಳಿದ. ನಾವು ಬಿಟ್ಟಿದ್ದನ್ನು ಹೇಳೋದಕ್ಕೆ ನಮ್ಮ ನಂತರ ಯಾವ ಲಕ್ಷ್ಮೀಶನೂ ಬರೋದಿಲ್ಲ ಗೆಳೆಯಾ.

ನನಗೂ ಇದು ಆಗಿದೆ. ನನ್ನ ಮೊದಲ ಕಥೆಯಲ್ಲಿ ಅಣ್ಣ ಮೆಣಸಿನಕಾಯಿ ಚೀಲ ಹೇರಿಕೊಂಡು ಬ್ಯಾಡಗಿ ಮಾರ್ಕೆಟ್ಟಿಗೆ ಹೋಗುತ್ತಾನೆ. ಕಥೆ ಮನೆಯ ತಂಗಿಯದು, ಅವನನ್ನು ನಾನು ಅಲ್ಲೇ ಬಿಟ್ಟೆ. ಅಚ್ಚಾದ ಮೇಲೆ ಹಾವೇರಿ ಕಡೆಯ ಒಬ್ಬ ಟೀಚರು ಕಾರ್ಡು ಬರೆದರು. ಎರಡೇ ಸಾಲು: "ಕಾಯಿಗೆ ರೇಟು ಸಿಕ್ಕಿತಾ? ಅಣ್ಣ ಮನೆಗೆ ಬಂದನಾ?" ಆ ಕಾರ್ಡು ಇವತ್ತಿಗೂ ನನ್ನ ಟೇಬಲ್ ಮೇಲಿದೆ.

ಅಕ್ಕನಿಗೆ ಇನ್ನೊಂದು ಅಧ್ಯಾಯ ಬೇಡ. 114ರಲ್ಲಿ ಆ ಎಂಟು ದಿನ ದಾಟಿ ಬೋರಮಾಳ ಕೈಬಿಟ್ಟು ಹೋಗಿರಲಿ. 203ಕ್ಕೆ ಬರುವಾಗ ಖಾನಾವಳಿಗೆ ಇನ್ನೊಂದು ಒಲೆ ಬಂದಿರಲಿ, ಇಲ್ಲಾ ಇದ್ದ ಒಂದೂ ಆರಿರಲಿ. ಕೆರೆಗೆ ತೂಬು ಎಷ್ಟು ಬೇಕೋ ಅಷ್ಟೇ. ಅದೂ ಆಗದು ಅನ್ನಿಸಿದರೆ ಅವಳನ್ನು ಪೂರ್ತಿ ತೆಗೆದುಬಿಡು, ನನಗೆ ಬೇಜಾರಾಗುತ್ತದೆ, ಆದರೂ ಹಾಗೆ ನಿಲ್ಲಿಸಬೇಡ.

ಆ ಮೂರೂ ಪುಟಕ್ಕೆ ಪೆನ್ಸಿಲ್ ಗುರುತು ಹಾಕಿದ್ದೇನೆ. ರವಿವಾರ ಬಾ, ಅವ್ವ ರೊಟ್ಟಿ ಬಡಿಯುತ್ತಾಳೆ, ಅಡುಗೆಮನೆಯಲ್ಲೇ ಕೂತು ಓದೋಣ.

ನಿನ್ನ ಗೆಳೆಯ