ನಮ್ಮ ಕಲಾ ನಡಿಗೆ ಇನ್ನು ಎರಡನೇ ಶನಿವಾರ: ಟಿಕೆಟ್ ಯಾಕೆ, ಕೋಟೆ ಯಾಕಿಲ್ಲ

ಆತ್ಮೀಯ ಗ್ರಾಹಕರೇ,

ಬೀದರ್‌ನಿಂದ ನಮಸ್ಕಾರ. ಮುಖ್ಯ ವಿಷಯ ಮೊದಲೇ ಹೇಳಿಬಿಡುತ್ತೇವೆ. ಪ್ರತಿ ತಿಂಗಳು ಹಳೇ ಊರಿನಲ್ಲಿ ನಾವು ನಡೆಸುವ ಕಲಾ ನಡಿಗೆ ಬರುವ ತಿಂಗಳಿಂದ ಮೊದಲ ಭಾನುವಾರ ಬೆಳಿಗ್ಗೆ ಇರುವುದಿಲ್ಲ. ಎರಡನೇ ಶನಿವಾರ ಮಧ್ಯಾಹ್ನ ಮೂರೂವರೆಗೆ ಶುರುವಾಗುತ್ತದೆ. ಇಷ್ಟು ದಿನ ಪುಕ್ಕಟೆ ಇತ್ತು. ಇನ್ನು ದೊಡ್ಡವರಿಗೆ 150 ರೂಪಾಯಿ, ವಿದ್ಯಾರ್ಥಿಗಳಿಗೆ 50 ರೂಪಾಯಿ. ಹನ್ನೆರಡು ವರ್ಷದೊಳಗಿನ ಮಕ್ಕಳಿಗೆ ಟಿಕೆಟ್ ಇಲ್ಲ. ಮಕ್ಕಳನ್ನು ಬಿಟ್ಟು ಒಂದು ಸಲಕ್ಕೆ ಇಪ್ಪತ್ತು ಜನ ಮಾತ್ರ. ಕೋಟೆಯನ್ನು ದಾರಿಯಿಂದ ಕೈಬಿಟ್ಟಿದ್ದೇವೆ.

ಕೋಟೆ ಇಲ್ಲ ಅಂದರೆ ಕೆಲವರಿಗೆ ಬೇಜಾರು, ಟಿಕೆಟ್ ಅಂದರೆ ಬಹಳ ಜನರಿಗೆ ಬೇಜಾರು. ಅದು ನಮಗೂ ಗೊತ್ತು. ಅದಕ್ಕೇ ಈ ಪತ್ರ ಸ್ವಲ್ಪ ಉದ್ದ.

ದುಡ್ಡಿನ ಮಾತು ಮೊದಲು. ನಮ್ಮ ಸಂಘದ ಸದಸ್ಯರಲ್ಲಿ ಹೆಚ್ಚಿನವರು ಪೀಸ್ ಲೆಕ್ಕದಲ್ಲಿ ದುಡಿಯುವ ಬಿದ್ರಿ ಕಾರಿಗರು, ಅಂದರೆ ಕಪ್ಪು ಲೋಹದಲ್ಲಿ ಬೆಳ್ಳಿ ಕೂರಿಸುವವರು. ಒಂದು ಹೂದಾನಿ ಮುಗಿದರೆ ಇಷ್ಟು, ಒಂದು ಜೊತೆ ಕಿವಿಯೋಲೆಗೆ ಇಷ್ಟು. ಕೈ ನಿಂತರೆ ಕೂಲಿಯೂ ನಿಂತ ಹಾಗೆ. ಹತ್ತಾರು ಜನ ಕಾರ್ಖಾನೆಯೊಳಗೆ ಬಂದು ಅರ್ಧ ಗಂಟೆ ನಿಂತರೆ ಆ ಅರ್ಧ ಗಂಟೆ ಯಾರ ಲೆಕ್ಕಕ್ಕೆ? ಬಂದವರು ಏನಾದರೂ ಕೊಂಡರೆ ಸರಿಹೋಗುತ್ತದೆ ಅನ್ನಬಹುದು. ಆದರೆ ನಡಿಗೆಗೆ ಬಂದವರು ಕೊಳ್ಳಲೇಬೇಕು ಅಂತ ನಾವು ಹೇಳುವುದಿಲ್ಲ, ಹೇಳಲೂಬಾರದು. ನೋಡಲು ಬಂದವರು ನೋಡಿಕೊಂಡು ಹೋಗಲಿ, ಮುಜುಗರ ಬೇಡ. ಹಾಗಾಗಬೇಕಾದರೆ ನೋಡುವುದಕ್ಕೇ ಒಂದು ಬೆಲೆ ಇರಬೇಕು ಅಲ್ವಾ?

ಟಿಕೆಟ್ ದುಡ್ಡೆಲ್ಲ ಆ ದಿನ ಬಾಗಿಲು ತೆರೆದ ನಾಲ್ಕು ಕಾರ್ಖಾನೆಗಳಿಗೆ ಸಮನಾಗಿ ಹಂಚಿಕೆಯಾಗುತ್ತದೆ. ಅದೇ ಸಂಜೆ ಕೈಗೆ ಕೊಡುತ್ತೇವೆ. ದಾರಿ ತೋರಿಸುವ ಹುಡುಗ ಹುಡುಗಿಯರ ಭತ್ಯೆ, ಚಹಾ ಖರ್ಚು ಎಲ್ಲ ಸಂಘದ ಅಂಗಡಿಯ ವ್ಯಾಪಾರದಿಂದ. ಇಪ್ಪತ್ತು ಟಿಕೆಟೂ ದೊಡ್ಡವರದೇ ಆದರೆ ಒಂದು ಕಾರ್ಖಾನೆಗೆ 750 ರೂಪಾಯಿ ಬರುತ್ತದೆ. ದೊಡ್ಡ ಮೊತ್ತವೇನಲ್ಲ. ಕಾರಿಗರೇ ಸಭೆಯಲ್ಲಿ ಕೂತು ಇಷ್ಟಾದರೆ ಸಾಕು ಅಂತ ನಿಗದಿ ಮಾಡಿದ ದರ ಇದು. ಒಬ್ಬಿಬ್ಬರು ಹಿರಿಯರಿಗೆ ಟಿಕೆಟ್ ಇಡುವುದೇ ಇಷ್ಟವಿರಲಿಲ್ಲ. ಮನೆಗೆ ಬಂದವರ ಹತ್ತಿರ ದುಡ್ಡು ಕೇಳುವುದಾ ಅಂತ ಅವರ ಮಾತು. ಕಿರಿಯ ಕಾರಿಗರು ಬಿಡಲಿಲ್ಲ. ಈ ಕೆಲಸ ಮುಂದಿನವರು ಕಲಿಯಬೇಕು ಅಂತ ಎಲ್ಲರೂ ಹೇಳುತ್ತಾರೆ, ಕಲಿತವನಿಗೆ ದಿನದ ಲೆಕ್ಕ ಸರಿಹೋಗದಿದ್ದರೆ ಯಾರು ಕಲಿಯುತ್ತಾರೆ ಅಂತ ಕೇಳಿದರು. ಅದಕ್ಕೆ ನಮ್ಮಲ್ಲಿ ಯಾರ ಹತ್ತಿರವೂ ಉತ್ತರವಿರಲಿಲ್ಲ.

ಇನ್ನು ವಾರದ ಮಾತು. ಶುಕ್ರವಾರ ಹಳೇ ಊರಿನ ಎಷ್ಟೋ ಅಂಗಡಿಗಳು ಬಾಗಿಲು ಹಾಕಿರುತ್ತವೆ, ಅದು ಆಗುವುದಿಲ್ಲ. ಭಾನುವಾರ ನೋಡುವವರಿಗೆ ರಜೆ, ಸರಿ. ಆದರೆ ನಮ್ಮ ಹಲವು ಕಾರ್ಖಾನೆಗಳಲ್ಲಿ ಅವತ್ತು ಕೆಲಸ ಇರುವುದಿಲ್ಲ. ನಿಮಗೆ ತೋರಿಸಲೆಂದೇ ಭಟ್ಟಿ ಹಚ್ಚಿ, ಅರ್ಧ ಆದ ಪೀಸ್ ಕೈಗೆತ್ತಿಕೊಂಡು, ನೀವು ಹೋದ ಮೇಲೆ ಆರಿಸುವುದು. ಅದು ಕೆಲಸ ನೋಡಿದ ಹಾಗಲ್ಲ. ಎರಡನೇ ಶನಿವಾರ ಸರ್ಕಾರಿ ಕಚೇರಿಗಳಿಗೆ ರಜೆ, ಬ್ಯಾಂಕಿಗೆ ರಜೆ, ಕಾರಿಗರಿಗೆ ಮಾತ್ರ ಕೆಲಸದ ದಿನ. ನಿಮಗೆ ಬಿಡುವು, ಅವರ ಕೈಯಲ್ಲಿ ನಿಜವಾದ ಆರ್ಡರ್ ಪೀಸ್. ಹೈದರಾಬಾದ್‌ನಿಂದ ಬೆಳಿಗ್ಗೆ ಹೊರಡುವವರೂ ಊಟ ಮುಗಿಸಿ ಆರಾಮಾಗಿ ಸೇರಬಹುದು. ಏಪ್ರಿಲ್, ಮೇ ತಿಂಗಳಲ್ಲಿ ಮಾತ್ರ ನಾಲ್ಕೂವರೆಗೆ ಶುರು. ಕಲಬುರಗಿಗಿಂತ ನಮ್ಮೂರು ತಂಪು ಅಂತ ನಾವು ಜಂಬ ಕೊಚ್ಚಿಕೊಳ್ಳುವುದುಂಟು. ಆದರೂ ಮೇ ತಿಂಗಳ ಬಿಸಿಲು ಬಿಸಿಲೇ.

ದೊಡ್ಡ ಬದಲಾವಣೆ ಇರುವುದು ದಾರಿಯಲ್ಲಿ. ಮೊದಲು ಚೌಬಾರಾ ಗಡಿಯಾರ ಗೋಪುರದಿಂದ ಹೊರಟು ಮದರಸಾ ನೋಡಿ, ಕೋಟೆ ಸುತ್ತಿ, ವಾಪಸ್ ಬರುವಾಗ ಸಿಕ್ಕ ಕಾರ್ಖಾನೆಗೆ ಹೋಗುತ್ತಿದ್ದೆವು. ಅಷ್ಟರಲ್ಲಿ ಎಲ್ಲರ ಕಾಲು ಸೋತಿರುತ್ತಿತ್ತು. ಕಾರಿಗರು ಮಾತು ಶುರು ಮಾಡುವ ಹೊತ್ತಿಗೆ ಹಿಂದೆ ನಿಂತವರು ಗಡಿಯಾರ ನೋಡುತ್ತಿದ್ದರು. ಇನ್ನು ಒಂದು ಬಿದ್ರಿ ಪೀಸ್ ಹೇಗೆ ಹುಟ್ಟಿ ಹೇಗೆ ಮುಗಿಯುತ್ತದೋ ಅದೇ ಕ್ರಮದಲ್ಲಿ ನಡೆಯುತ್ತೇವೆ. ಎರಕದಿಂದ ಶುರು, ಕಪ್ಪಿನಲ್ಲಿ ಮುಕ್ತಾಯ.

ಮೊದಲ ಕಾರ್ಖಾನೆಯಲ್ಲಿ ಎರಕ. ಸುಮಾರು ಹದಿನಾರು ಪಾಲು ಸತುವಿಗೆ ಒಂದು ಪಾಲು ತಾಮ್ರ. ಮಣ್ಣಿಗೆ ಔಡಲ ಎಣ್ಣೆ, ರಾಳ ಸೇರಿಸಿ ಮಾಡಿದ ಅಚ್ಚಿಗೆ ಕರಗಿದ ಲೋಹ ಹೊಯ್ಯುತ್ತಾರೆ. ಇಲ್ಲಿ ಸ್ವಲ್ಪ ದೂರ ನಿಲ್ಲಬೇಕು, ಸೀರೆ ಸೆರಗು, ದುಪ್ಪಟ್ಟಾ ಬಿಗಿ ಮಾಡಿಕೊಳ್ಳಬೇಕು. ಆರಿದ ಮೇಲೆ ಹೊರಬರುವ ವಸ್ತು ನೋಡಿ ಯಾರೂ ಆಹಾ ಅನ್ನುವುದಿಲ್ಲ. ಒರಟು, ಬೂದು ಬಣ್ಣ. ಅರ ಹಾಕಿ ಉಜ್ಜಿ ನಯ ಮಾಡಬೇಕು.

ಎರಡನೆಯದರಲ್ಲಿ ಉಳಿ ಕೆಲಸ. ನಯವಾದ ಮೈಗೆ ಮೈಲುತುತ್ತದ ನೀರು ಸವರಿದರೆ ಅದು ತಾತ್ಕಾಲಿಕವಾಗಿ ಕಪ್ಪಾಗುತ್ತದೆ. ಆ ಕಪ್ಪಿನ ಮೇಲೆ ಚೂಪು ಮೊನೆಯಿಂದ ಕೈಯಲ್ಲೇ ನಕಾಶೆ ಬರೆಯುತ್ತಾರೆ. ಮುಂದೆ ಮಾದರಿ ಹಾಳೆ ಇರುವುದಿಲ್ಲ. ಬಳ್ಳಿ ಎಲ್ಲಿ ತಿರುಗಬೇಕು, ಹೂವಿಗೆ ಎಷ್ಟು ಎಸಳು ಅನ್ನುವುದು ಆ ಹೂದಾನಿಯ ಹೊಟ್ಟೆ ಎಷ್ಟು ಅಗಲ ಇದೆ ಅನ್ನುವುದರ ಮೇಲೆ. ಆಮೇಲೆ ಆ ಗೆರೆಯ ಮೇಲೆ ಉಳಿ ಓಡಿಸಿ ಕಾಲುವೆ ತೆಗೆಯುವುದು. ಈ ಕಾರ್ಖಾನೆಯಲ್ಲಿ ನಿಮ್ಮಲ್ಲಿ ಒಂದು ಕೋರಿಕೆ: ಉಳಿ ನಡೆಯುತ್ತಿರುವಾಗ ಪ್ರಶ್ನೆ ಕೇಳಬೇಡಿ. ಕೈ ಎತ್ತಿದ ಮೇಲೆ ಕೇಳಿ, ಎಷ್ಟು ಬೇಕಾದರೂ ಹೇಳುತ್ತಾರೆ.

ಮೂರನೆಯದರಲ್ಲಿ ಬೆಳ್ಳಿ ಕೂರಿಸುವುದು. ತಂತಿ ಕೂರಿಸಿದರೆ ತಾರ್‌ಕಶಿ, ಬೆಳ್ಳಿ ತಗಡು ಕತ್ತರಿಸಿ ಆಳಕ್ಕೆ ಕೂರಿಸಿದರೆ ತೆಹ್‌ನಿಶಾನ್. ಅಂಟು ಇಲ್ಲ, ಬೆಸುಗೆ ಇಲ್ಲ. ಕಾಲುವೆಯೊಳಗೆ ಬೆಳ್ಳಿ ಇಟ್ಟು ಸಣ್ಣ ಸುತ್ತಿಗೆಯಿಂದ ಬಡಿದು ಬಡಿದು ಹಿಡಿಸುವುದು. ಒಂದು ಕೈಯಲ್ಲಿ ತಂತಿ ಬಿಡುತ್ತಾ, ಇನ್ನೊಂದು ಕೈಯಲ್ಲಿ ಬಡಿಯುತ್ತಾ, ಬಳ್ಳಿಯ ತಿರುವಿಗೆ ಸರಿಯಾಗಿ ಪೀಸನ್ನೂ ತಿರುಗಿಸುತ್ತಾ ಹೋಗುತ್ತಾರೆ. ಬಳ್ಳಿಯ ತುದಿ ಬಂದಾಗ ತಂತಿಯನ್ನು ಕತ್ತರಿಸುವ ಜಾಗ ನೋಡಿ. ಕೂದಲೆಳೆ ಉಳಿದರೂ ಮುಂದೆ ಪಾಲಿಶ್ ಮಾಡುವಾಗ ಎದ್ದು ಬರುತ್ತದೆ. ಎಲ್ಲ ಮುಗಿದು ಉಜ್ಜಿದ ಮೇಲೆ ಒಂದು ತಮಾಷೆ ಆಗುತ್ತದೆ. ಮೈಲುತುತ್ತದ ಕಪ್ಪು ಹೋಗಿ ಲೋಹ ಬಿಳಿ ಬಿಳಿ, ಬೆಳ್ಳಿಯೂ ಬಿಳಿ. ದಿನಗಟ್ಟಲೆ ಕೆತ್ತಿದ ಹೂಬಳ್ಳಿ ಕಣ್ಣಿಗೇ ಬೀಳುವುದಿಲ್ಲ. ಎಲ್ಲಿ ಹೋಯ್ತು ಅಂತ ಮಕ್ಕಳು ಕೇಳಿಯೇ ಕೇಳುತ್ತಾರೆ.

ಅದು ಸಿಗುವುದು ನಾಲ್ಕನೆಯ ಕಾರ್ಖಾನೆಯಲ್ಲಿ. ಕೋಟೆಯ ಮಣ್ಣಿಗೆ ನವಸಾಗರ (ಅಮೋನಿಯಂ ಕ್ಲೋರೈಡ್) ಮತ್ತು ನೀರು ಕಲಸಿ, ಪೀಸನ್ನು ಹದವಾಗಿ ಬಿಸಿ ಮಾಡಿ ಅದರಿಂದ ಉಜ್ಜುತ್ತಾರೆ. ಸತು ಕಪ್ಪಾಗುತ್ತದೆ, ಬೆಳ್ಳಿಗೆ ಏನೂ ಆಗುವುದಿಲ್ಲ. ತೊಳೆದು ಎಣ್ಣೆ ಕೈ ಆಡಿಸಿದರೆ ಮುಗಿಯಿತು. ಹಿಂದಿನ ನಡಿಗೆಗಳಲ್ಲಿ ಬಹಳ ಜನ ಇದೊಂದನ್ನೇ ನೋಡಿ ಚಪ್ಪಾಳೆ ತಟ್ಟಿ ಹೋಗುತ್ತಿದ್ದರು. ಇನ್ನು ಮುಂಚಿನ ಮೂರು ಕೆಲಸ ನೋಡಿಕೊಂಡೇ ಇಲ್ಲಿಗೆ ಬರುತ್ತೀರಿ. ಮಣ್ಣು ಯಾವುದಾದರೂ ಆಗುವುದಿಲ್ಲ. ಬಿಸಿಲು ಮಳೆ ಕಾಣದೆ ವರ್ಷಗಟ್ಟಲೆ ಬಿದ್ದಿದ್ದ ಜಾಗದ್ದೇ ಬೇಕು. ಹಳಬರು ಚಿಟಿಕೆ ಮಣ್ಣನ್ನು ನಾಲಿಗೆಗೆ ಹಚ್ಚಿ ಹೇಳುತ್ತಾರೆ, ಇದು ಆಗುತ್ತದೆ, ಇದು ಆಗುವುದಿಲ್ಲ ಅಂತ. ಬಂದವರಿಗೂ ರುಚಿ ನೋಡಿ ಅನ್ನುವ ಒಬ್ಬ ಉಸ್ತಾದರು ನಮ್ಮಲ್ಲಿದ್ದಾರೆ. ಬೇಡ ಅಂದರೆ ಬೇಸರ ಮಾಡಿಕೊಳ್ಳುವುದಿಲ್ಲ.

ಅಂದರೆ ಕೋಟೆ ನಮ್ಮ ದಾರಿಯಲ್ಲಿ ಇಲ್ಲದಿದ್ದರೂ ಅದರ ಮಣ್ಣು ಇದೆ. ಕೋಟೆಯನ್ನು ಅರ್ಧ ಗಂಟೆಯಲ್ಲಿ ಓಡಿ ನೋಡುವುದು ಸುಮ್ನೆ. ಅದಕ್ಕೆ ಬೇರೆ ಒಂದು ಬೆಳಿಗ್ಗೆ ಇಟ್ಟುಕೊಳ್ಳಿ. ಹೋದಾಗ ರಂಗೀನ್ ಮಹಲ್ ತಪ್ಪಿಸಬೇಡಿ. ಬೀಗ ಹಾಕಿರುವುದುಂಟು, ಅಲ್ಲಿನ ಪುರಾತತ್ವ ಇಲಾಖೆಯವರನ್ನು ಕೇಳಿ ನೋಡಿ. ಕಪ್ಪು ಕಲ್ಲಿನೊಳಗೆ ಮುತ್ತಿನ ಚಿಪ್ಪು ಕೂರಿಸಿದ ಕೆಲಸ ಅಲ್ಲಿದೆ. ಅಲ್ಲಿ ಕಲ್ಲಿನಲ್ಲಿ ಚಿಪ್ಪು, ಇಲ್ಲಿ ಸತುವಿನಲ್ಲಿ ಬೆಳ್ಳಿ. ಕಪ್ಪಿನ ಮೇಲೆ ಬಿಳಿ ಹೊಳೆಯಿಸುವ ಚಟ ಈ ಊರಿಗೆ ಹಳೆಯದು.

ಬಹಮನಿ ಮಂತ್ರಿ ಮಹಮೂದ್ ಗವಾನ್ ಕಟ್ಟಿಸಿದ ಮದರಸಾ ಮಾತ್ರ ದಾರಿಯಲ್ಲಿ ಉಳಿಸಿಕೊಂಡಿದ್ದೇವೆ, ಹತ್ತು ಹದಿನೈದು ನಿಮಿಷಕ್ಕೆ. 1472ರಲ್ಲಿ ಕಟ್ಟಿದ ಕಟ್ಟಡ. ಮುಂಭಾಗದ ಅರ್ಧ ಬಿದ್ದುಹೋಗಿದೆ, ಒಂದೇ ಮಿನಾರು ನಿಂತಿದೆ. ಮಿನಾರಿನ ಮೈಮೇಲೆ ಅಡ್ಡಡ್ಡ ಓಡುವ ಅಂಕುಡೊಂಕು ಹೆಂಚಿನ ಪಟ್ಟಿ, ಗೋಡೆಯ ಮೇಲೆ ನೀಲಿ ಬಿಳಿ ಹೆಂಚಿನಲ್ಲಿ ಬರೆದ ಅಕ್ಷರಗಳು. ಅಲ್ಲಿ ಸ್ವಲ್ಪ ಹೊತ್ತು ಗೆರೆ ಹೇಗೆ ಓಡುತ್ತದೆ ಅಂತ ನೋಡಿಕೊಂಡು ಬಂದರೆ ಉಳಿ ಕೆಲಸಕ್ಕೆ ಕಣ್ಣು ಹದವಾಗಿರುತ್ತದೆ.

ಇಪ್ಪತ್ತು ಜನ ಯಾಕೆ ಅಂದರೆ ಕಾರ್ಖಾನೆ ಅನ್ನುವ ಹೆಸರು ದೊಡ್ಡದು, ಜಾಗ ಒಂದು ಕೋಣೆ. ಹತ್ತು ಹತ್ತು ಜನರ ಎರಡು ಗುಂಪು ಮಾಡಿ ಸ್ವಲ್ಪ ಅಂತರ ಬಿಟ್ಟು ಹೊರಡಿಸುತ್ತೇವೆ. 2023ರಲ್ಲಿ ನಮ್ಮೂರಿನ ಬಿದ್ರಿ ಕಲಾವಿದ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂದ ಮೇಲೆ ಬಿದ್ರಿ ಎಲ್ಲಿ ಮಾಡುತ್ತಾರೆ ಅಂತ ಕೇಳಿಕೊಂಡು ಬರುವವರು ಜಾಸ್ತಿಯಾಗಿದ್ದಾರೆ. ಸಂತೋಷದ ವಿಷಯ. ಆದರೆ ಓಣಿ ಅಗಲವಾಗಿಲ್ಲ. ಹಾಗಾಗಿ ಕಾರು ದಯವಿಟ್ಟು ಹಳೇ ಊರಿನೊಳಗೆ ತರಬೇಡಿ. ಹೊರಗೆ ನಿಲ್ಲಿಸಿ ಆಟೋದಲ್ಲಿ ಚೌಬಾರಾಕ್ಕೆ ಬನ್ನಿ. ಗುಂಡಗೆ ಎತ್ತರಕ್ಕೆ ನಿಂತ ಗಡಿಯಾರ ಗೋಪುರ, ಯಾರನ್ನು ಕೇಳಿದರೂ ತೋರಿಸುತ್ತಾರೆ.

ನಡಿಗೆ ಮುಗಿಯುವುದು ನಮ್ಮ ಅಂಗಡಿಯ ಮಹಡಿಯಲ್ಲಿ, ಊರಿನ ಚಿತ್ರಕಾರರ ಕೆಲಸ ತೂಗುಹಾಕುವ ಕೋಣೆಯಲ್ಲಿ. ಅಲ್ಲೂ ಒಂದು ಬದಲಾವಣೆ ಇದೆ. ಒಂದೇ ಗೋಡೆಗೆ ಹತ್ತು ಜನರ ಚಿತ್ರ ಒತ್ತೊತ್ತಾಗಿ ಹಾಕುವುದು ನಿಲ್ಲಿಸಿದ್ದೇವೆ. ತಿಂಗಳಿಗೆ ಒಬ್ಬರೇ. ಬರೆದವರು ಅಲ್ಲೇ ಕೂತಿರುತ್ತಾರೆ, ಮಾತಾಡಿಸಿ. ಉದ್ಘಾಟನೆ, ಶಾಲು, ಹಾರ, ಭಾಷಣ ಯಾವುದೂ ಇರುವುದಿಲ್ಲ. ಇದಕ್ಕೆ ಯಾರೂ ಆಕ್ಷೇಪ ಎತ್ತಿಲ್ಲ.

ಕೊಳ್ಳುವವರಿಗೆ ಒಂದೆರಡು ಮಾತು. ಪ್ರತಿ ಕಾರ್ಖಾನೆಯಲ್ಲೂ ಮಾರಾಟದ ಪೀಸ್‌ಗಳಿಗೆ ಬೆಲೆ ಚೀಟಿ ಅಂಟಿಸಿರುತ್ತೇವೆ. ದುಡ್ಡು ನೇರವಾಗಿ ಕಾರಿಗರಿಗೇ ಕೊಡಿ, ರಸೀದಿ ಕೇಳಿ ತೆಗೆದುಕೊಳ್ಳಿ. ಚೌಕಾಸಿ ಬೇಡ. ಬೆಳ್ಳಿ ದರ ಎಲ್ಲಿಗೆ ಹೋಗಿದೆ ಅಂತ ನಿಮಗೇ ಗೊತ್ತು. ಬೆಳ್ಳಿ ಏರಿದಾಗಲೆಲ್ಲ ಚೀಟಿಯ ಬೆಲೆಯೂ ಬದಲಾಗುತ್ತದೆ, ಹೋದ ವರ್ಷ ಕೊಂಡ ದರ ಈಗ ಸಿಗುವುದಿಲ್ಲ. ಬಿದ್ರಿಗೆ 2006ರಲ್ಲಿ ಭೌಗೋಳಿಕ ಗುರುತು (ಜಿಐ ಟ್ಯಾಗ್) ಸಿಕ್ಕಿದೆ. ಆದರೂ ಕಪ್ಪು ಬಣ್ಣ ಬಳಿದ ಹಗುರ ಸಾಮಾನನ್ನು ಬಿದ್ರಿ ಅಂತ ಮಾರುವುದು ನಿಂತಿಲ್ಲ. ಕೈಯಲ್ಲಿ ಹಿಡಿದು ತೂಕ ನೋಡಿ, ಬೆರಳು ಆಡಿಸಿ ನೋಡಿ. ತಂತಿ ಕೆಲಸದಲ್ಲಿ ಬೆಳ್ಳಿ ಲೋಹಕ್ಕೆ ಸಮವಾಗಿ ಕೂತಿರುತ್ತದೆ, ಬಣ್ಣದ ಹಾಗೆ ಮೇಲೆ ಅಂಟಿರುವುದಿಲ್ಲ. ಅಂದಹಾಗೆ, ಕೈಜಾರಿ ಬೀಳಿಸಬೇಡಿ. ಸತು ಜಾಸ್ತಿ ಇರುವುದರಿಂದ ಬಿದ್ರಿ ಬಿದ್ದರೆ ಒಡೆಯುತ್ತದೆ.

ಫೋಟೋ ತೆಗೆಯಬಹುದು. ಮುಖ ಬರುವ ಹಾಗಿದ್ದರೆ ಕೇಳಿ ತೆಗೆಯಿರಿ. ಉಳಿ ಕೆಲಸದ ಹತ್ತಿರ ಫ್ಲ್ಯಾಶ್ ಬೇಡ.

ಹೆಸರು ಬರೆಸುವುದು ಅಂಗಡಿಗೆ ಬಂದು ಅಥವಾ ಫೋನ್ ಮಾಡಿ, ಆ ವಾರದ ಗುರುವಾರದೊಳಗೆ. ಬರಲಾಗದಿದ್ದರೆ ಶುಕ್ರವಾರ ಮಧ್ಯಾಹ್ನದೊಳಗೆ ತಿಳಿಸಿ, ದುಡ್ಡು ವಾಪಸ್ ಕೊಡುತ್ತೇವೆ ಅಥವಾ ಮುಂದಿನ ತಿಂಗಳಿಗೆ ಹಾಕಿಕೊಳ್ಳುತ್ತೇವೆ. ಜೋರು ಮಳೆ ಇದ್ದರೆ ನಡಿಗೆ ನಾಲ್ಕನೇ ಶನಿವಾರಕ್ಕೆ ಹೋಗುತ್ತದೆ. ಭಾಲ್ಕಿ, ಹುಮನಾಬಾದ್, ಬಸವಕಲ್ಯಾಣದ ಶಾಲೆಗಳು ಮಕ್ಕಳನ್ನು ಕರೆತರುವುದಾದರೆ ಬೇರೆ ದಿನ ಗೊತ್ತು ಮಾಡಿಕೊಡುತ್ತೇವೆ, ಮೊದಲೇ ಮಾತಾಡಿ.

ಇನ್ನೊಂದು ಹೊಸದು. ನಿಮ್ಮ ಮನೆಯ ಹಳೇ ಬಿದ್ರಿ ಮಾಸಿದ್ದರೆ, ಕಪ್ಪು ಬೂದು ಬೂದಾಗಿದ್ದರೆ ತನ್ನಿ. ಹುಣಸೆಹಣ್ಣು, ಸೋಪಿನ ಪುಡಿ ಹಾಕಿ ತಿಕ್ಕಬೇಡಿ. ಹಿತ್ತಾಳೆ ಪಾತ್ರೆಗೆ ಮಾಡಿದ ಹಾಗೆ ಮಾಡಿ ಕೆಡಿಸಿಕೊಂಡವರಿದ್ದಾರೆ. ಒಣ ಬಟ್ಟೆಗೆ ಎರಡು ಹನಿ ಕೊಬ್ಬರಿ ಎಣ್ಣೆ, ಅಷ್ಟು ಸಾಕು. ಅದರಲ್ಲೂ ಸರಿಹೋಗದಿದ್ದರೆ ನಾಲ್ಕನೆಯ ಕಾರ್ಖಾನೆಯಲ್ಲಿ ಅದೇ ಮಣ್ಣಿನಿಂದ ಮತ್ತೆ ಕಪ್ಪು ಮಾಡಿಕೊಡುತ್ತಾರೆ. ಕೂಲಿ ಪೀಸ್ ನೋಡಿ ಹೇಳುತ್ತಾರೆ. ಬೆಳ್ಳಿ ಎದ್ದು ಹೋಗಿದ್ದರೆ ಮಾತ್ರ ಒಂದು ತಿಂಗಳು ಬಿಡಬೇಕು. ಗುರುವಾರದೊಳಗೆ ಅಂಗಡಿಯಲ್ಲಿ ಕೊಟ್ಟುಬಿಡಿ, ಹೆಸರು ಬರೆದ ಚೀಟಿ ದಾರದಲ್ಲಿ ಕಟ್ಟಿ. ಟೇಪ್ ಅಂಟಿಸಬೇಡಿ, ಕಲೆ ಉಳಿಯುತ್ತದೆ.

ನಿಮ್ಮ ವಿಶ್ವಾಸಿಗಳು,
ಸಂಘದ ಎಲ್ಲ ಸದಸ್ಯರ ಪರವಾಗಿ, ಅಂಗಡಿ ಮತ್ತು ನಡಿಗೆ ವಿಭಾಗ, ಬೀದರ್