ನಿಮ್ಮ ಉಳಿತಾಯ, ನಮ್ಮ ಲೆಕ್ಕದ ಪುಸ್ತಕದಲ್ಲಿ

ಮಾನ್ಯ ಹಣಕಾಸು ಸಚಿವರಿಗೆ ನಮಸ್ಕಾರಗಳು.

ಹೊಸ ಬಜೆಟ್ಟಿನ ಸಿದ್ಧತೆ ನಡೆದಿರುವ ಈ ಹೊತ್ತಿನಲ್ಲಿ, ಅಂಗವೈಕಲ್ಯವಿರುವ ಪುಟ್ಟ ಮಕ್ಕಳಿಗಾಗಿ ನಡೆಯುವ ಸಣ್ಣ ಸೇವಾಸಂಸ್ಥೆಯೊಂದರ ಲೆಕ್ಕ ಬರೆಯುವವನಾಗಿ ಈ ಪತ್ರವನ್ನು ತಮ್ಮ ಮುಂದಿಡುತ್ತಿದ್ದೇನೆ. ರಸ್ತೆ, ಬಸ್ಸು, ನೀರಿನ ಕೊಳವೆಗಳ ನಿರ್ವಹಣೆಗೆ ಇಟ್ಟ ಹಣವನ್ನು ಕಡಿತಗೊಳಿಸಿದಾಗ ತಮ್ಮ ಕಡತದಲ್ಲಿ ಅದು ಉಳಿತಾಯವೆಂದು ದಾಖಲಾಗುತ್ತದೆ. ಆದರೆ ಆ ಖರ್ಚು ಎಲ್ಲಿಯೂ ಹೋಗಿರುವುದಿಲ್ಲ. ನಮ್ಮಂಥವರ ಖಾತೆಗೆ ಬಂದು ಕೂತಿರುತ್ತದೆ.

ನಮ್ಮ ಕೇಂದ್ರದ ಮುಂದೆ ನಿಲ್ಲುತ್ತಿದ್ದ ಬಸ್ಸು ರದ್ದಾದ ತಿಂಗಳು ನಾನು ಲೆಕ್ಕದ ಪುಸ್ತಕದಲ್ಲಿ ಸ್ಕೇಲು ಇಟ್ಟು ಹೊಸದೊಂದು ಅಂಕಣದ ಗೆರೆ ಎಳೆದು, ನೆತ್ತಿಯಲ್ಲಿ ‘ವಾಹನ ಬಾಡಿಗೆ’ ಎಂದು ಬರೆದೆ. ಕಾಲಿಗೆ ಆಸರೆಯ ಕ್ಯಾಲಿಪರ್ ಕಟ್ಟಿಕೊಂಡ ಮಗುವನ್ನು ಮುಂದಿನ ನಿಲ್ದಾಣದಿಂದ ನಡೆದು ಬಾ ಎನ್ನಲಾಗುವುದಿಲ್ಲವಲ್ಲ. ದಾನಿಗಳು ಫಿಸಿಯೋಥೆರಪಿಗೆಂದೇ ಕೊಟ್ಟ ಹಣ ಹೀಗೆ, ಅವರ ಒಪ್ಪಿಗೆ ಪಡೆದೇ, ವ್ಯಾನಿನ ಪಾಲಾಯಿತು. ವಾರಕ್ಕೆ ಮೂರು ದಿನ ಬರುತ್ತಿದ್ದ ಚಿಕಿತ್ಸಕಿ ಈಗ ಒಂದು ದಿನ ಬರುತ್ತಾರೆ. ಮಗುವಿನ ಮಿದುಳು ಆರನೆಯ ವಯಸ್ಸಿಗೆಲ್ಲ ವಯಸ್ಕರ ಮಿದುಳಿನ ಗಾತ್ರದ ಸುಮಾರು ಶೇ 90ರಷ್ಟು ಬೆಳೆದಿರುತ್ತದೆ. ರಸ್ತೆಯ ದುರಸ್ತಿಯನ್ನು ಮುಂದೂಡಿದರೆ ಮುಂದೆ ಹೆಚ್ಚು ತೆತ್ತಾದರೂ ಸರಿಪಡಿಸಬಹುದು, ಈ ವರ್ಷಗಳನ್ನು ಹಾಗೆ ಮರಳಿ ಕೊಳ್ಳಲಾಗದು.

ಅನುದಾನವೇ ಇಲ್ಲವೆಂದಲ್ಲ. ಬರುವ ಅನುದಾನದಲ್ಲಿ ಉಪಕರಣ ಖರೀದಿಸಬಹುದು; ಬಾಡಿಗೆ, ವಿದ್ಯುತ್ ಬಿಲ್ಲು, ಸಂಬಳ ಕೊಡುವಂತಿಲ್ಲ. ಹಣ ಕೈಸೇರುವುದೂ ಖರ್ಚು ಮಾಡಿ ವೋಚರು ಸಲ್ಲಿಸಿದ ಮೇಲೆಯೇ. ಹಾಗಾಗಿ ನಡಿಗೆ ಕಲಿಸುವ ಹೊಸ ಸಾಧನವೊಂದು, ಕಲಿಸುವವರಿಲ್ಲದ ದಿನಗಳಲ್ಲಿ, ಮೂಲೆಯಲ್ಲಿ ಬಟ್ಟೆ ಹೊದ್ದು ನಿಂತಿರುತ್ತದೆ. ತಪಾಸಣೆಗೆ ಬಂದವರು ಬಟ್ಟೆ ಸರಿಸಿ, ಫೋಟೊ ತೆಗೆದುಕೊಂಡು, ಸಂತೃಪ್ತರಾಗಿ ಹೋದರು. ಅವರನ್ನು ದೂರುವುದಿಲ್ಲ, ನಮೂನೆಯಲ್ಲಿ ಕೇಳಿದ್ದು ಅಷ್ಟೇ.

ವಿಶ್ವಸಂಸ್ಥೆಯ 1989ರ ಮಕ್ಕಳ ಹಕ್ಕುಗಳ ಒಡಂಬಡಿಕೆಯ 4ನೆಯ ವಿಧಿಯು, ಮಕ್ಕಳ ಸಾಮಾಜಿಕ ಹಾಗೂ ಆರ್ಥಿಕ ಹಕ್ಕುಗಳಿಗಾಗಿ ಸರ್ಕಾರವು ತನ್ನಲ್ಲಿರುವ ಸಂಪನ್ಮೂಲವನ್ನು ಗರಿಷ್ಠ ಮಟ್ಟಿಗೆ ಬಳಸಬೇಕೆನ್ನುತ್ತದೆ. 23ನೆಯ ವಿಧಿ ಅಂಗವೈಕಲ್ಯವಿರುವ ಮಕ್ಕಳ ವಿಶೇಷ ಆರೈಕೆಯ ಹಕ್ಕನ್ನು ಮಾನ್ಯ ಮಾಡುತ್ತದೆ. ಇವನ್ನು ಬಲ್ಲ ತಮಗೆ ನನ್ನ ಕೋರಿಕೆ ಚಿಕ್ಕದು: ನಿರ್ವಹಣೆಗೆಂದು ಮೀಸಲಿಟ್ಟ ಹಣವನ್ನು ವರ್ಷದ ನಡುವೆ ಬೇರೆಡೆಗೆ ತಿರುಗಿಸದಂತೆ ನಿಯಮ ಮಾಡಿ, ಸಣ್ಣ ಸಂಸ್ಥೆಗಳಿಗೆ ಬಾಡಿಗೆ, ಸಂಬಳಗಳನ್ನೂ ಒಳಗೊಂಡ ಮೂರು ವರ್ಷದ ಅನುದಾನವನ್ನು ಮುಂಗಡವಾಗಿ ಕೊಡಿ, ಯಾವುದೇ ಸೇವೆಯನ್ನು ನಿಲ್ಲಿಸುವ ಮುನ್ನ, ಅದರ ಖರ್ಚು ಯಾರ ತಲೆಗೆ ಬೀಳಲಿದೆಯೆಂದು ಬರಹದಲ್ಲಿ ಕೇಳಿ ಪಡೆಯಿರಿ.

ತಾವು ಅರ್ಧ ಗಂಟೆಯ ಸಮಯ ಕೊಟ್ಟರೆ ಲೆಕ್ಕದ ಪುಸ್ತಕದೊಡನೆ ಖುದ್ದಾಗಿ ಬಂದು ಕಾಣುತ್ತೇನೆ.

ಗೌರವಪೂರ್ವಕ ವಂದನೆಗಳೊಂದಿಗೆ,
ಸಂಸ್ಥೆಯ ಲೆಕ್ಕಿಗ