ಯುರೋಪ್ ರೂಲ್ಸು, ನಮ್ಮ ಕಾಫಿ ತೋಟ

ಸಂಪಾದಕರೇ,
ಯುರೋಪಿಯನ್ ಯೂನಿಯನ್ ಅಂದ್ರೆ 27 ದೇಶ ಅಷ್ಟೇ, ಆದ್ರೆ ಅವ್ರು ಬ್ರಸೆಲ್ಸಲ್ಲಿ ಕೂತು ಮಾಡೋ ಕಾನೂನು ಕೊಡಗು, ಚಿಕ್ಕಮಗಳೂರಿನ ತೋಟದ ತನಕ ಬರುತ್ತೆ. 2023ರ ಅರಣ್ಯನಾಶ ತಡೆ ಕಾನೂನನ್ನೇ ನೋಡಿ, 2020ರ ಡಿಸೆಂಬರ್ 31ರ ನಂತರ ಕಾಡು ಕಡಿದ ಜಾಗದಲ್ಲಿ ಬೆಳೆದ ಕಾಫಿ, ಕೋಕೋ, ರಬ್ಬರ್, ಸೋಯಾ ಯಾವುದೂ ಅಲ್ಲಿ ಮಾರೋ ಹಾಗಿಲ್ಲ, ತೋಟದ ಲೊಕೇಶನ್ ಬೇರೆ ಕೊಡ್ಬೇಕು. ಉದ್ದೇಶ ಒಳ್ಳೇದೇ, ಬೇಡ ಅನ್ನಲ್ಲ (ಅವ್ರ ಹಳೇ ಕಾಡು ಬಹುಪಾಲು ಕಡಿದು ಶತಮಾನಗಳೇ ಆಯ್ತು ಬಿಡಿ). ಆದ್ರೆ ಇಟಲಿ, ಜರ್ಮನಿ ನಮ್ಮ ಕಾಫಿಗೆ ದೊಡ್ಡ ಗಿರಾಕಿಗಳು, ಎರಡು ಎಕರೆ ಬೆಳೆಗಾರ ಮರದ ನೆರಳಲ್ಲೇ ಬೆಳೆದಿದ್ರೂ ದಾಖಲೆ ಸರಿಯಿಲ್ಲ ಅಂದ್ರೆ ಮುಗೀತು. ಜಾರಿ ಡೇಟನ್ನ ಅವ್ರೇ ಎರಡು ಸಲ ಮುಂದೂಡಿದಾರೆ, ಈ ಗ್ಯಾಪಲ್ಲಾದ್ರೂ ಕಾಫಿ ಬೋರ್ಡಿನವ್ರು ಊರೂರಿಗೆ ಬಂದು ಸಣ್ಣ ತೋಟಗಳ ಮ್ಯಾಪಿಂಗ್ ಫ್ರೀಯಾಗಿ ಮಾಡ್ಕೊಡ್ಲಿ.

– ಒಬ್ಬ ಬೆಳೆಗಾರ, ಮೂಡಿಗೆರೆ